ಸೀರೆಗೂ ಒಂದು ಇಸವಿ

ಸಿನೆಮಾ ನೋಡಿ ಹೊರಗೆ ಬಂದ ಹೆಣ್ಣುಮಕ್ಕಳು ಮೊದಲು ಮಾತಾಡುವುದು ಕಥೆಯ ಬಗೆಗಲ್ಲ, ನಾಯಕಿ ಉಟ್ಟ ಸೀರೆಯ ಬಗೆಗೆ ಎಂದು ಗಂಡಸರು ನಮ್ಮನ್ನು ಚೇಷ್ಟೆ ಮಾಡುವುದು ಇಂದು ನಿನ್ನೆಯದಲ್ಲ. ಮಾಡಲಿ ಬಿಡಿ. ಕಥೆಯನ್ನು ಬರೆದವರಿಗೆ ಹೆಸರುಂಟು, ಹಾಡಿದವರಿಗೆ ಹೆಸರುಂಟು, ಹೊಡೆದಾಟ ಕಲಿಸಿದವರಿಗೂ ಹೆಸರುಂಟು. ಆದರೆ ಆ ಸೀರೆಯನ್ನು ಆರಿಸಿದವರು ಯಾರು? ಗೋಡೆಗೆ ಆ ಬಣ್ಣ ಹಚ್ಚಿಸಿದವರು ಯಾರು? ದೇವರ ಮುಂದಿನ ಆ ಹಳೆಯ ಸಮೆಯನ್ನು ಎಲ್ಲಿಂದಲೋ ಹುಡುಕಿ ತಂದು ಇಟ್ಟವರು ಯಾರು? ‘ವಸ್ತ್ರವಿನ್ಯಾಸ’, ‘ಕಲಾ ನಿರ್ದೇಶನ’ ಎಂದು ತೆರೆಯ ಮೇಲೆ ಅವರ ಹೆಸರು ಬಂದೇ ಬರುತ್ತದೆ. ಅಷ್ಟರಲ್ಲಿ ನಾವು ಕುರ್ಚಿಯ ಕೆಳಗೆ ಚಪ್ಪಲಿ ಹುಡುಕುತ್ತಿರುತ್ತೇವೆ.

ನಮ್ಮತ್ತೆಯವರಿಗೆ ಇದು ಚೆನ್ನಾಗಿ ತಿಳಿದಿತ್ತು. ಓದು ಕನ್ನಡ ನಾಲ್ಕನೆಯ ಇಯತ್ತೆ. ಆದರೆ ಟಿ.ವಿ.ಯಲ್ಲಿ ಸ್ವಾತಂತ್ರ್ಯದ ಕಾಲದ ಕಥೆ ನಡೆದಿರುವಾಗ ಯಾವಳೋ ನೈಲಾನ್ ಸೀರೆ ಉಟ್ಟು ಬಂದಳೆಂದರೆ ಮುಗಿಯಿತು. “ಅವಾಗ ಎಲ್ಲಿತ್ತವಾ ಈ ಸೀರಿ? ಇದು ನಾಗಪ್ಪ ಹುಟ್ಟೂಕಿಂತ ಒಂದೆರಡು ವರ್ಷ ಮುಂಚೆ ಬಂದದ್ದು” ಎಂದುಬಿಡುವರು. ನಾಗಪ್ಪ ಎಂದರೆ ನನ್ನ ಮೈದುನ. ಅತ್ತೆಯವರ ಲೆಕ್ಕದಲ್ಲಿ ಇಸವಿಗಳಿರಲಿಲ್ಲ. ಬರ ಬಿದ್ದ ವರ್ಷ, ಹಿಡಕಲ್ ಡ್ಯಾಮಿಗೆ ಜನ ಊರು ಬಿಟ್ಟ ವರ್ಷ, ದೊಡ್ಡ ಮಗನ ಜವಳ ತೆಗೆದ ವರ್ಷ, ಹೀಗೆ. ಪ್ರತಿ ವರ್ಷಕ್ಕೂ ಒಂದು ಸೀರೆ, ಒಂದು ಕುಬಸ, ಒಂದು ಪಾತ್ರೆ ಅಂಟಿಕೊಂಡಿರುತ್ತಿತ್ತು. ಇತಿಹಾಸದ ಪುಸ್ತಕದಲ್ಲಿ ರಾಜರ ಹೆಸರು ಇದ್ದ ಹಾಗೆ ಅವರ ತಲೆಯಲ್ಲಿ ಸೀರೆಗಳ ದಡಿ ಇದ್ದವು. ಈ ತಿಳಿವಳಿಕೆಗೆ ಯಾರೂ ಪದವಿ ಕೊಡಲಿಲ್ಲ. ಕೊಡಬಹುದಾಗಿತ್ತು ಎಂದು ನನಗೆ ಮನವರಿಕೆಯಾದದ್ದು ಒಂದು ಕನ್ನಡ ಸಿನೆಮಾದಿಂದ, ಅದಕ್ಕೆ ಬಟ್ಟೆ ಆರಿಸಿದ ಒಬ್ಬ ಹೆಣ್ಣುಮಗಳಿಂದ. ಅವರ ವಿಷಯಕ್ಕೆ ಬರುವ ಮೊದಲು ಸ್ವಲ್ಪ ನಮ್ಮ ಸೀಮೆಯನ್ನು ಸುತ್ತಿಬರೋಣ.

ಗೋಕಾಕ, ಮೂಡಲಗಿ, ಹುಕ್ಕೇರಿ ಎಂದರೆ ಆಟದ ಸೀಮೆ. ಕುಲಗೋಡ ತಮ್ಮಣ್ಣನ ‘ಶ್ರೀಕೃಷ್ಣ ಪಾರಿಜಾತ’ ಹುಟ್ಟಿ ಬೆಳೆದ ನೆಲ. ಅಪರಾಳ ತಮ್ಮಣ್ಣ ಬರೆದದ್ದನ್ನು ಕುಲಗೋಡದ ತಮ್ಮಣ್ಣ ಹಿಗ್ಗಿಸಿ ಆಟಕ್ಕೆ ಇಳಿಸಿದ ಎಂದು ಹಿರಿಯರು ಹೇಳುತ್ತಾರೆ. ಹೆಂಗಸರು ಆಟಕ್ಕೆ ನಿಲ್ಲುವುದೇ ದೊಡ್ಡ ಮಾತಾಗಿದ್ದ ಕಾಲದಲ್ಲಿ ಕೌಜಲಗಿಯ ನಿಂಗಮ್ಮ ಪಾರಿಜಾತದಲ್ಲಿ ಹೆಸರು ಮಾಡಿದಳು. ಈ ಆಟದಲ್ಲಿ ರಂಗಸಜ್ಜಿಕೆ ಎಂಬುದು ಹೆಚ್ಚುಕಡಿಮೆ ಇಲ್ಲವೇ ಇಲ್ಲ. ದ್ವಾರಕೆ ಎಂದರೆ ದ್ವಾರಕೆ, ಸತ್ಯಭಾಮೆಯ ಅಂತಃಪುರ ಎಂದರೆ ಅಂತಃಪುರ. ಎಲ್ಲವನ್ನೂ ಹಾಡು ಕಟ್ಟಿಕೊಡಬೇಕು, ನೋಡುವವರು ತುಂಬಿಕೊಳ್ಳಬೇಕು. ಆದರೆ ಸತ್ಯಭಾಮೆ ಉಟ್ಟುಕೊಳ್ಳುವುದು, ತೊಟ್ಟುಕೊಳ್ಳುವುದು ಮಾತ್ರ ಸುಳ್ಳಾಗುವಂತಿಲ್ಲ. ಅವಳ ಜಡೆ, ಅವಳ ಸೆರಗು, ಅವಳ ಬಿಂಕ ಇವೇ ಅರಮನೆ. ಮನೆ ಕಟ್ಟದೆ ಬರೀ ಬಟ್ಟೆಯಿಂದ ಮನೆತನ ತೋರಿಸುವ ವಿದ್ಯೆ ನಮ್ಮವರಿಗೆ ಆಗಲೇ ಗೊತ್ತಿತ್ತು.

ಆಮೇಲೆ ಕಂಪನಿ ನಾಟಕಗಳು ಬಂದವು. ಬೀದಿಯ ಪರದೆ, ದರಬಾರಿನ ಪರದೆ, ಉದ್ಯಾನದ ಪರದೆ, ಅಡವಿಯ ಪರದೆ. ಹಗ್ಗ ಎಳೆದರೆ ಊರು ಹೋಗಿ ಕಾಡು ಬರುತ್ತಿತ್ತು. ಗುಬ್ಬಿ ವೀರಣ್ಣನವರು ‘ಕುರುಕ್ಷೇತ್ರ’ಕ್ಕೆ ಆನೆ ಕುದುರೆಗಳನ್ನೇ ರಂಗಕ್ಕೆ ತಂದ ಕಥೆ ಎಲ್ಲರಿಗೂ ಗೊತ್ತು. ನಮ್ಮ ಜಿಲ್ಲೆಯವರೇ ಆದ ಏಣಗಿ ಬಾಳಪ್ಪನವರು (1914–2017) ಎಳೆವಯಸ್ಸಿನಲ್ಲಿ ಸ್ತ್ರೀಪಾತ್ರ ಮಾಡಿ ಬೆಳೆದವರು. ಗಂಡುಹುಡುಗ ಹೆಣ್ಣಾಗಿ ನಿಲ್ಲಬೇಕಾದರೆ ನೆರಿಗೆ ಹಿಡಿಯುವುದು, ಸೆರಗು ಹೊರುವುದು, ಕಚ್ಚೆ ಹಾಕುವುದು ಇವೆಲ್ಲವನ್ನೂ ಯಾವುದೋ ಅವ್ವನನ್ನು, ಅಕ್ಕನನ್ನು ನೋಡಿಯೇ ಕಲಿಯಬೇಕು. ಆ ಅವ್ವ, ಆ ಅಕ್ಕ ಯಾವ ನಾಟಕದ ಹಸ್ತಪತ್ರಿಕೆಯಲ್ಲೂ ಇಲ್ಲ.

ಹುಕ್ಕೇರಿಯಿಂದ ಸಂಕೇಶ್ವರ, ನಿಪ್ಪಾಣಿ ದಾಟಿದರೆ ಕಾಗಲ್, ಅದರಾಚೆ ಕೊಲ್ಹಾಪುರ. ನಮ್ಮ ಕಡೆಯ ಹೆಣ್ಣುಮಕ್ಕಳಿಗೆ ಕೊಲ್ಹಾಪುರ ಎಂದರೆ ಮಹಾಲಕ್ಷ್ಮಿ ಮತ್ತು ಚಪ್ಪಲಿ. ಆದರೆ ಹಿಂದೂಸ್ಥಾನದ ಸಿನೆಮಾಕ್ಕೆ ಗೋಡೆ ಕಟ್ಟಲು ಕಲಿಸಿದ ಊರುಗಳಲ್ಲಿ ಇದೂ ಒಂದು. ಬಾಬೂರಾವ್ ಪೇಂಟರ್ (1890–1954) ಮತ್ತು ಅವರ ಸಹೋದರ ಸಂಬಂಧಿ ಆನಂದರಾವ್ ನಾಟಕ ಕಂಪನಿಗಳಿಗೆ ಪರದೆ ಬರೆಯುತ್ತಿದ್ದವರು. ಅದೇ ಬಾಬೂರಾವ್ 1920ರಲ್ಲಿ ‘ಸೈರಂಧ್ರಿ’ ಎಂಬ ಮೂಕಿ ಚಿತ್ರ ತೆಗೆದರು. ಬರೆದ ಪರದೆಯ ಮುಂದೆ ನಟರನ್ನು ನಿಲ್ಲಿಸುವ ಬದಲು, ಒಳಗೆ ಹೊಕ್ಕು ಓಡಾಡಬಹುದಾದ ಅರಮನೆಗಳನ್ನು ಕಟ್ಟಿಸುವ ಹಾದಿ ಹಿಡಿದವರಲ್ಲಿ ಅವರೂ ಮುಂಚಿನವರು. ಅವರ ಗರಡಿಯಲ್ಲಿ ಬೆಳೆದ ಕಾಗಲ್‌ನ ಫತ್ತೇಲಾಲ್ ಮುಂದೆ ಪ್ರಭಾತ್ ಕಂಪನಿಯ ಪಾಲುದಾರರೂ ಕಲಾ ನಿರ್ದೇಶಕರೂ ಆದರು. ದಾಮ್ಲೆಯವರೊಡನೆ ಸೇರಿ ಅವರು ನಿರ್ದೇಶಿಸಿದ ‘ಸಂತ ತುಕಾರಾಮ’ (1936) ವೆನಿಸ್ಸಿನ ಚಿತ್ರೋತ್ಸವದವರೆಗೆ ಹೋಯಿತು.

ಆ ಊರಿನ ಇನ್ನೊಬ್ಬರನ್ನು ನಾವು ಮರೆಯಬಾರದು. ಭಾನು ರಾಜೋಪಾಧ್ಯೆ 1929ರ ಏಪ್ರಿಲ್ 28ರಂದು ಕೊಲ್ಹಾಪುರದಲ್ಲಿ ಹುಟ್ಟಿದರು. ತಂದೆ ಅಣ್ಣಾಸಾಹೇಬರು ಚಿತ್ರಕಾರರು, ಮಗಳು ಚಿಕ್ಕವಳಿದ್ದಾಗಲೇ ತೀರಿಕೊಂಡರು. ಮಗಳು ಮುಂಬಯಿಗೆ ಹೋಗಿ ಜೆ.ಜೆ. ಕಲಾಶಾಲೆಯಲ್ಲಿ ಕಲಿತು, ಹೆಂಗಸರ ಪತ್ರಿಕೆಗೆ ಉಡುಪಿನ ಚಿತ್ರ ಬರೆಯುತ್ತ, ಸಿನೆಮಾಕ್ಕೆ ಬಟ್ಟೆ ಹೊಲಿಸುತ್ತ ಭಾನು ಅಥೈಯಾ ಎಂದು ಹೆಸರಾದರು. ‘ಸಿ.ಐ.ಡಿ.’, ‘ಪ್ಯಾಸಾ’, ‘ಸಾಹಿಬ್ ಬೀಬಿ ಔರ್ ಗುಲಾಮ್’, ‘ಗೈಡ್’, ‘ಆಮ್ರಪಾಲಿ’ ಇವೆಲ್ಲ ಅವರ ಕೈಯ ಚಿತ್ರಗಳು. 1983ರಲ್ಲಿ ‘ಗಾಂಧಿ’ ಚಿತ್ರದ ಉಡುಪಿಗಾಗಿ ಜಾನ್ ಮೊಲೊ ಅವರೊಡನೆ ಆಸ್ಕರ್ ಪಡೆದರು. ಭಾರತಕ್ಕೆ ಬಂದ ಮೊದಲ ಆಸ್ಕರ್ ಅದು. ಅದು ಬಂದದ್ದು ಹಾಡಿಗಲ್ಲ, ನಟನೆಗಲ್ಲ, ಬಟ್ಟೆಗೆ! ಒಂದು ತುಂಡು ಪಂಚೆಯಿಂದ ಹಿಡಿದು ವೈಸರಾಯನ ಕೋಟಿನವರೆಗೆ ಐವತ್ತು ವರ್ಷಗಳ ಇತಿಹಾಸವನ್ನು ಬಟ್ಟೆಯಲ್ಲಿ ತೋರಿಸಿದ ಕೆಲಸಕ್ಕೆ. ತಮ್ಮ ನಂತರ ಅದನ್ನು ಸರಿಯಾಗಿ ಕಾಯುವವರು ಯಾರು ಎಂಬ ಚಿಂತೆಯಿಂದ 2012ರಲ್ಲಿ ಆ ಪ್ರತಿಮೆಯನ್ನು ಅವರು ಅಮೆರಿಕದ ಅಕಾಡೆಮಿಗೇ ಮರಳಿಸಿದರು. 2020ರ ಅಕ್ಟೋಬರ್ 15ರಂದು ಕಣ್ಣು ಮುಚ್ಚಿದರು. ಕಾಪಾಡುವ ಚಿಂತೆ ಎಂಬ ಮಾತು ನೆನಪಿರಲಿ, ಮುಂದೆ ಅದಕ್ಕೆ ಮತ್ತೆ ಬರುತ್ತೇನೆ.

ಇನ್ನು ಕನ್ನಡದ ಕಡೆಗೆ. ಮೊದಮೊದಲು ಕನ್ನಡ ಚಿತ್ರಗಳು ಮದರಾಸಿನ ಸ್ಟುಡಿಯೋಗಳಲ್ಲಿ ತಯಾರಾಗುತ್ತಿದ್ದವು. ಅಲ್ಲಿಯ ಕಂಬಗಳು, ಅಲ್ಲಿಯ ಮೆಟ್ಟಿಲುಗಳು. ಕಥೆ ಯಾವ ಊರಿನದಾದರೂ ಮನೆ ಒಂದೇ. 1970ರ ‘ಸಂಸ್ಕಾರ’ದಿಂದ ಈಚೆಗೆ ಹೊಸ ರೀತಿಯ ಚಿತ್ರಗಳು ಸ್ಟುಡಿಯೋ ಬಿಟ್ಟು ನಿಜವಾದ ಅಗ್ರಹಾರಕ್ಕೆ, ನಿಜವಾದ ಹಳ್ಳಿಗೆ ಹೋದವು. ಆಗ ಕಲಾ ನಿರ್ದೇಶಕರ ಕೆಲಸ ಕಡಿಮೆಯಾಯಿತು ಎಂದುಕೊಳ್ಳಬೇಡಿ. ಕಟ್ಟುವುದಕ್ಕಿಂತ ಕಳೆಯುವುದು ಕಷ್ಟ. ಹಳೆಯ ಮನೆಯಲ್ಲಿ ಹೊಸ ಸ್ವಿಚ್ಚು ಕಾಣಬಾರದು, ಪ್ಲಾಸ್ಟಿಕ್ ಕೊಡ ಕಾಣಬಾರದು, ಮಾಳಿಗೆಯ ಮೇಲಿನ ಆ್ಯಂಟೆನಾ ಕಾಣಬಾರದು. ಪಿ. ಕೃಷ್ಣಮೂರ್ತಿಯವರು ಜಿ.ವಿ. ಅಯ್ಯರರ ‘ಹಂಸಗೀತೆ’ಯಿಂದ (1975) ಈ ದಾರಿಯಲ್ಲಿ ನಡೆದು ‘ಮಧ್ವಾಚಾರ್ಯ’ಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು. ಶಂಕರ್‌ನಾಗ್ ‘ಮಾಲ್ಗುಡಿ ಡೇಸ್’ ತೆಗೆಯುವಾಗ ಜಾನ್ ದೇವರಾಜ್ ಮಲೆನಾಡಿನ ಆಗುಂಬೆಯನ್ನೇ ಮಾಲ್ಗುಡಿ ಮಾಡಿದರು. ಇಲ್ಲದ ಊರನ್ನು ಇದ್ದ ಊರಿನಲ್ಲಿ ಕೂಡ್ರಿಸಿದ ಚಮತ್ಕಾರವದು.

ಈಗ ನಾನು ಹೇಳಬೇಕೆಂದಿದ್ದ ಹೆಣ್ಣುಮಗಳಿಗೆ ಬರುತ್ತೇನೆ. ವೈಶಾಲಿ ಕಾಸರವಳ್ಳಿ 1952ರಲ್ಲಿ ಗುಲ್ಬರ್ಗಾದಲ್ಲಿ, ಅಂದರೆ ಇಂದಿನ ಕಲಬುರಗಿಯಲ್ಲಿ ಹುಟ್ಟಿದವರು. ರಂಗಭೂಮಿಯಲ್ಲಿ ಪಳಗಿದ ನಟಿ. ಗಿರೀಶ ಕಾಸರವಳ್ಳಿಯವರನ್ನು ಮದುವೆಯಾದರು. ‘ಆಕ್ರಮಣ’ದಂಥ ಚಿತ್ರಗಳಲ್ಲಿ ನಟಿಸಿದರು. ಇಬ್ಬರು ಮಕ್ಕಳನ್ನು ಬೆಳೆಸಿದರು. ಇಷ್ಟಾದರೆ ಇಂಥ ಬಾಳು ನಾವು ಅನೇಕ ಕಂಡಿದ್ದೇವೆ. ಆದರೆ ಅವರು ನಟನೆಯ ಜೊತೆಗೆ ಇನ್ನೊಂದು ಕೆಲಸಕ್ಕೂ ಕೈ ಹಾಕಿದರು. 1997ರ ‘ತಾಯಿಸಾಹೇಬ’ ಚಿತ್ರಕ್ಕೆ ವಸ್ತ್ರವಿನ್ಯಾಸ ಮಾಡಿದರು.

‘ತಾಯಿಸಾಹೇಬ’ ನಮ್ಮ ಸೀಮೆಯ ಕಥೆ. ರಂ.ಶಾ. ಲೋಕಾಪುರರ ಕಾದಂಬರಿ. ಸ್ವಾತಂತ್ರ್ಯದ ಹಿಂದುಮುಂದಿನ ಉತ್ತರ ಕರ್ನಾಟಕ, ದೊಡ್ಡ ವಾಡೆ, ಚಳವಳಿಗೆ ಧುಮುಕಿದ ಜಮೀನುದಾರ ಅಪ್ಪಾಸಾಹೇಬ, ಅವನ ಹೆಂಡತಿ ನರ್ಮದಾ. ಮಕ್ಕಳಿಲ್ಲ. ಗಂಡನಿಗೆ ಹೊರಗೆ ಇನ್ನೊಂದು ಸಂಸಾರವಿದೆ, ಅಲ್ಲೊಬ್ಬ ಮಗಳಿದ್ದಾಳೆ. ಇತ್ತ ದತ್ತು ತೆಗೆದುಕೊಂಡ ಮಗ ಬೆಳೆದು ಮೆಚ್ಚುವುದು ಆ ಮಗಳನ್ನೇ. ರಕ್ತದಲ್ಲಿ ಅವರಿಗೆ ಸಂಬಂಧವಿಲ್ಲ, ಆದರೆ ಕಾನೂನಿನ ಕಣ್ಣಿನಲ್ಲಿ ಅಣ್ಣತಂಗಿ. ಊರಿಗೆಲ್ಲ ತಾಯಿಸಾಹೇಬಳಾದ ಒಬ್ಬ ಹೆಣ್ಣುಮಗಳು ಕಾಗದದ ಮೇಲಿನ ತಾಯ್ತನ ದೊಡ್ಡದೋ, ಮಕ್ಕಳ ಸುಖ ದೊಡ್ಡದೋ ಎಂಬ ಇಕ್ಕಟ್ಟಿನಲ್ಲಿ ನಿಲ್ಲುತ್ತಾಳೆ. ಜಯಮಾಲಾ ತಾವೇ ನಿರ್ಮಾಪಕಿಯಾಗಿ ಈ ಪಾತ್ರ ಮಾಡಿದರು. ಸುರೇಶ ಹೆಬ್ಳೀಕರ್ ಅಪ್ಪಾಸಾಹೇಬ. ಆ ವರ್ಷದ ದೇಶದ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಬಂತು. ಜಯಮಾಲಾ ಅವರಿಗೆ ತೀರ್ಪುಗಾರರ ವಿಶೇಷ ಪ್ರಶಸ್ತಿ, ಕಲಾ ನಿರ್ದೇಶನಕ್ಕೆ ರಮೇಶ ದೇಸಾಯಿಯವರಿಗೆ, ವಸ್ತ್ರವಿನ್ಯಾಸಕ್ಕೆ ವೈಶಾಲಿಯವರಿಗೆ ರಾಷ್ಟ್ರಪ್ರಶಸ್ತಿ. ಒಂದೇ ಚಿತ್ರಕ್ಕೆ ಮನೆಗೂ ಪ್ರಶಸ್ತಿ, ಸೀರೆಗೂ ಪ್ರಶಸ್ತಿ.

ನಮ್ಮ ಮಹಿಳಾ ಮಂಡಳದಲ್ಲಿ ಒಮ್ಮೆ ಈ ಮಾತು ಎತ್ತಿದಾಗ ಒಬ್ಬರು ಥಟ್ಟನೆ, “ಗಂಡನ ಸಿನೆಮಾ, ಹೆಂಡತಿಗೆ ಪ್ರಶಸ್ತಿ, ಬಿಡ್ರಿ” ಎಂದರು. ನಾನೂ ಬಿಡಲಿಲ್ಲ. ಪ್ರಶಸ್ತಿ ಕೊಟ್ಟದ್ದು ಗಂಡನಲ್ಲ, ದೆಹಲಿಯ ತೀರ್ಪುಗಾರರು. ಅವರ ಮುಂದೆ ಆ ವರ್ಷದ ಎಲ್ಲ ಭಾಷೆಗಳ ಚಿತ್ರಗಳೂ ಇದ್ದವು, ದುಡ್ಡು ಸುರಿದು ಹೊಲಿಸಿದ ಬಟ್ಟೆಗಳೂ ಇದ್ದವು. ಅದರ ನಡುವೆ ಒಂದು ನೂಲಿನ ಸೀರೆ ಗೆದ್ದಿದ್ದರೆ ಅದರಲ್ಲಿ ಏನೋ ಇರಬೇಕು. ಗಂಡನ ಹೊಲದಲ್ಲಿ ದುಡಿದ ಹೆಂಗಸಿಗೆ ಕೂಲಿಯ ಲೆಕ್ಕ ಇರುವುದಿಲ್ಲ, ಗಂಡನ ಅಂಗಡಿಯಲ್ಲಿ ಕೂತ ಹೆಂಗಸಿಗೆ ಪಗಾರ ಇರುವುದಿಲ್ಲ. ಇನ್ನು ಗಂಡನ ಸಿನೆಮಾದಲ್ಲಿ ದುಡಿದವಳ ಕೆಲಸವನ್ನೂ ನಾವೇ ಹೆಂಗಸರು ಹೀಗೆ ಅಳಿಸಿಬಿಟ್ಟರೆ ಬರೆಯುವವರು ಯಾರು? ಅಂದು ಚಹಾ ಸ್ವಲ್ಪ ತಣ್ಣಗಾಯಿತು ಎನ್ನಿ. ಆದರೂ ಎಲ್ಲರೂ ಕುಡಿದೇ ಎದ್ದೆವು.

ಆ ಕೆಲಸದಲ್ಲಿ ಏನಿದೆ ಎಂಬುದನ್ನು ನಮ್ಮ ಮನೆಯ ಲೆಕ್ಕದಲ್ಲೇ ನೋಡೋಣ. ಕಥೆ ಕೆಲವು ದಶಕ ನಡೆಯುತ್ತದೆ. ಹರೆಯದ ಸೊಸೆ ವಯಸ್ಸಾದ ಯಜಮಾನಿಯಾಗುತ್ತಾಳೆ. ಆದರೆ ಚಿತ್ರೀಕರಣ ಕಥೆಯ ಕ್ರಮದಲ್ಲಿ ನಡೆಯುವುದಿಲ್ಲ. ಪಡಸಾಲೆಯ ದೃಶ್ಯಗಳೆಲ್ಲ ಒಟ್ಟಿಗೆ, ಅಡಿಗೆಮನೆಯವು ಒಟ್ಟಿಗೆ. ಬೆಳಿಗ್ಗೆ ನಲವತ್ತರ ಹೆಂಗಸು, ಮಧ್ಯಾಹ್ನ ಇಪ್ಪತ್ತರ ಸೊಸೆ. ಯಾವ ದೃಶ್ಯಕ್ಕೆ ಯಾವ ಸೀರೆ, ಯಾವ ಕುಬಸ, ಎಷ್ಟು ಬಳೆ, ಹಣೆಗೆ ಎಷ್ಟಗಲ ಕುಂಕುಮ ಎಂದು ಒಂದು ವಹಿಯಲ್ಲಿ ಬರೆದಿಟ್ಟುಕೊಳ್ಳಬೇಕು. ಬಾಗಿಲು ದಾಟಿ ಬರುವಾಗ ಬೇರೆ ಬಳೆ ಇದ್ದರೆ ಆಭಾಸ. ಹೊಸ ಬಟ್ಟೆ ಹೊಸದಾಗಿಯೇ ಕಂಡರೆ ಅದೂ ಆಭಾಸ. ಅದನ್ನು ಒಗೆದು ಒಗೆದು ಹಳೆಯದು ಮಾಡಬೇಕು, ಚಹಾದ ನೀರಿನಲ್ಲಿ ಅದ್ದಿ ಬಿಳುಪಿನ ಹೊಳಪು ಕಳೆಯಬೇಕು. ನಾವು ಹಳೆಯದನ್ನು ಹೊಸದು ಮಾಡಲು ಒದ್ದಾಡುತ್ತೇವೆ, ಇವರು ಹೊಸದನ್ನು ಹಳೆಯದು ಮಾಡುತ್ತಾರೆ.

ಇದಕ್ಕಿಂತ ದೊಡ್ಡ ಕೆಲಸ ಎಂದರೆ ಬಟ್ಟೆಗೆ ಮಾತು ಬರಿಸುವುದು. ನಮ್ಮ ಕಡೆಯ ಇಲಕಲ್ ಸೀರೆಯನ್ನೇ ತೆಗೆದುಕೊಳ್ಳಿ. ಒಡಲು ನೂಲಿನದು, ಸೆರಗು ರೇಷ್ಮೆಯದು. ಎರಡನ್ನೂ ಕೊಂಡಿಯ ಹಾಗೆ ಎಳೆಗೆಳೆ ಸಿಕ್ಕಿಸಿ ನೇಯುತ್ತಾರೆ. ಕೆಂಪು ಸೆರಗಿನ ಮೇಲೆ ಬಿಳಿಯ ತೆನೆಗಳು, ಅದು ತೋಪಿನ ತೆನಿ. ದಡಿಗೆ ಒಂದೊಂದು ಹೆಸರು, ಚಿಕ್ಕಿ ಪರಾಸ್, ಗೋಮಿ, ಗಾಯತ್ರಿ ಎಂದು. ಕುಬಸಕ್ಕೆ ಗುಳೇದಗುಡ್ಡದ ಖಣ. ಚಂದ್ರಕಾಳಿಯ ಕರಿಯ ಒಡಲಿನ ಮೇಲೆ ಗೋಪುರ, ತೇರು, ತುಳಸಿಕಟ್ಟೆ, ಆನೆಗಳ ಕಸೂತಿ. ಗಾವಂತಿ, ಮುರಗಿ, ನೇಗಿ, ಮೆಂತಿ ಎಂದು ನಾಲ್ಕು ಬಗೆ ಹೊಲಿಗೆ. ಇದನ್ನು ಯಾರು ಉಡಬಹುದು, ಯಾವಾಗ ಉಡಬಹುದು, ಯಾರು ಉಡಬಾರದು ಎಂಬುದಕ್ಕೆ ಬರೆಯದ ಕಾಯದೆಗಳಿದ್ದವು. ಒಂಬತ್ತು ಗಜದ ಕಚ್ಚೆ ಸೀರೆ ಯಾರ ಮೈಮೇಲೆ, ಆರು ಗಜದ ಗೋಲು ಸೀರೆ ಯಾರ ಮೈಮೇಲೆ ಎಂಬುದರಿಂದಲೇ ಜಾತಿ, ವಯಸ್ಸು, ಓದು, ಊರು ತಿಳಿಯುತ್ತಿತ್ತು. ಮುತ್ತೈದೆಯ ಹಸಿರು, ಮಡಿಹೆಂಗಸಿನ ಕೆಂಪು, ಚಳವಳಿಗೆ ಹೋದವರ ಮನೆಯ ಖಾದಿಯ ಬಿಳುಪು. ಈ ಬಣ್ಣಗಳನ್ನು ಉಡುವವಳು ಆರಿಸಿದ್ದಲ್ಲ, ಅವಳ ಮೇಲೆ ಬಂದದ್ದು.

ಇಂಥ ವಾಡೆಯ ಹೆಂಗಸು ತನ್ನ ಸಂಕಟವನ್ನು ಬಾಯಿ ಬಿಟ್ಟು ಹೇಳುವವಳಲ್ಲ. ಗಂಡ ಇನ್ನೊಂದು ಮನೆಗೆ ಹೋಗುತ್ತಾನೆಂದು ಅವಳಿಗೆ ಗೊತ್ತು, ಊರಿಗೆ ಗೊತ್ತು. ಆದರೂ ಅವಳು ಮುಖ ತೊಳೆದು, ಕುಂಕುಮ ಇಟ್ಟು, ನಿರಿಗೆ ಕೆಡದಂತೆ ಪಡಸಾಲೆಗೆ ಬರಬೇಕು. ಆ ನೆಟ್ಟಗಿನ ನಿರಿಗೆಯೇ ಅವಳ ಮರ್ಯಾದೆ, ಅದೇ ಅವಳ ಸೆರೆಮನೆ. ಇದನ್ನು ಸಂಭಾಷಣೆಯಲ್ಲಿ ಬರೆದರೆ ಅತಿಯಾಗುತ್ತದೆ. ಸೀರೆಯಲ್ಲಿ ತೋರಿಸಿದರೆ ನಮಗೆ ಕೂಡಲೇ ತಿಳಿಯುತ್ತದೆ, ಏಕೆಂದರೆ ನಮ್ಮ ಅವ್ವಂದಿರನ್ನು ನಾವು ಹೀಗೇ ನೋಡಿದ್ದೇವೆ. ಜಯಮಾಲಾ ಅವರು ಆ ಸೀರೆಯೊಳಗೆ ಹೊಕ್ಕು ನಡೆದಾಗ ಸಿನೆಮಾದ ತಾರೆ ಮರೆಯಾಗಿ ನಮ್ಮ ಓಣಿಯ ಯಾವುದೋ ದೊಡ್ಡವ್ವ ಎದ್ದು ಬಂದಂತಾಯಿತು. ಅರ್ಧ ಪುಣ್ಯ ನಟಿಯದು, ಅರ್ಧ ಪುಣ್ಯ ಉಡಿಸಿದವಳದು.

ಹಾಗೆಯೇ ವಾಡೆ. ಹುಕ್ಕೇರಿಯ ಕಡೆ, ಗೋಕಾಕದ ಹಳ್ಳಿಗಳ ಕಡೆ ಇಂದಿಗೂ ಕೆಲವು ಉಳಿದಿವೆ. ಆನೆ ಹೋಗುವಂಥ ದೊಡ್ಡ ಬಾಗಿಲು, ಅದರೊಳಗೆ ಬಗ್ಗಿ ಹೋಗುವ ದಿಡ್ಡಿ ಬಾಗಿಲು. ಕಟ್ಟೆ, ಪಡಸಾಲೆ, ತೂಗುಮಂಚ, ನಡುಮನೆ, ಹಗೇವು. ಗಂಡಸರ ಜಾಗ ಬೆಳಕಿನಲ್ಲಿ, ಹೆಂಗಸರ ಜಾಗ ಬೆಳಕಿಂಡಿಯ ಕೆಳಗೆ. 1974ರ ಭೂಸುಧಾರಣೆಯ ನಂತರ ಅನೇಕ ವಾಡೆಗಳು ಪಾಲಾದವು, ಕಂಬಗಳು ಮಾರಾಟವಾದವು, ಕೆಲವಕ್ಕೆ ಟೈಲ್ಸು ಬಂತು. ಉಳುವವನಿಗೆ ಭೂಮಿ ಸಿಕ್ಕದ್ದು ನ್ಯಾಯವೇ. ಆದರೆ ಆ ವಾಡೆಗಳಲ್ಲಿ ಹೆಂಗಸರು ಹೇಗೆ ಬದುಕಿದರು ಎಂಬುದು ಕಂಬದ ಜೊತೆಗೆ ಹೋಗಬಾರದಲ್ಲ? ರಮೇಶ ದೇಸಾಯಿಯವರಂಥವರು ಚಿತ್ರದಲ್ಲಿ ಅಂಥ ಮನೆಯನ್ನು ನಿಲ್ಲಿಸಿಕೊಟ್ಟದ್ದು ಅದಕ್ಕಾಗಿಯೇ ಬೆಲೆಯುಳ್ಳದ್ದು.

ಇಂಥ ಕೈಗೆಲಸ ನಮಗೆ ಹೊಸದೂ ಅಲ್ಲ. ಗೋಕಾಕ ಎಂದರೆ ಕರದಂಟು, ಫಾಲ್ಸು ಮತ್ತು ಮಿಲ್ಲು ಎನ್ನುವವರು ನಮ್ಮ ಗೊಂಬೆ ಮಾಡುವವರನ್ನು ಮರೆಯುತ್ತಾರೆ. ಹಗುರ ಕಟ್ಟಿಗೆಯಲ್ಲಿ, ಮಣ್ಣಿನಲ್ಲಿ ಬಾಳೆಹಣ್ಣು, ಮಾವಿನಹಣ್ಣು, ಬದನೆಕಾಯಿ ಮಾಡಿ ಬಣ್ಣ ಹಚ್ಚಿ ಇಟ್ಟರೆ ನೊಣ ಕೂಡಬೇಕು, ಹಾಗೆ. ಸಿನೆಮಾದ ಭಾಷೆಯಲ್ಲಿ ಇದು ಕಲಾ ವಿಭಾಗದ ಕೆಲಸ. ನಮ್ಮಲ್ಲಿ ಇದನ್ನು ಆಟಿಗೆ ಎನ್ನುತ್ತೇವೆ. ಹೆಸರು ಬದಲಾದರೆ ಬೆಲೆಯೂ ಬದಲಾಗುವುದು ಲೋಕದ ರೀತಿ.

ವೈಶಾಲಿಯವರು ಅಲ್ಲಿಗೇ ನಿಲ್ಲಲಿಲ್ಲ. ದೂರದರ್ಶನದ ಪೆಟ್ಟಿಗೆ ಮನೆಮನೆಗೂ ಬಂದ ಕಾಲದಲ್ಲಿ ತಾವೇ ನಿರ್ದೇಶಕಿಯಾದರು. ‘ಗೂಡಿನಿಂದ ಗಗನಕ್ಕೆ’, ‘ಮೂಡಲ ಮನೆ’, ‘ಮುತ್ತಿನ ತೋರಣ’. ‘ಮೂಡಲ ಮನೆ’ ಬರುವ ಹೊತ್ತಿಗೆ ನಮ್ಮ ಓಣಿಯಲ್ಲಿ ರೊಟ್ಟಿ ಬಡಿಯುವ ಸಪ್ಪಳ ನಿಲ್ಲುತ್ತಿತ್ತು. ಮೂಡಲಗಿಯ ನಮ್ಮ ಸಣ್ಣವ್ವನಂತೂ ಹೆಸರು ಕೇಳಿ ಅದು ತಮ್ಮೂರಿನದೇ ಕಥೆ ಎಂದು ಬಹಳ ದಿನ ನಂಬಿದ್ದಳು. ನಮ್ಮ ಭಾಷೆ ಎಂದರೆ ನಗಿಸುವವರ ಭಾಷೆ ಎಂದುಕೊಂಡಿದ್ದ ಬೆಂಗಳೂರಿನ ಕಡೆಯ ಜನ, ಅದೇ ಭಾಷೆಯಲ್ಲಿ ಅಳಬಹುದು, ಗಂಭೀರವಾಗಿ ಬಾಳಬಹುದು ಎಂದು ಕಂಡದ್ದು ಇಂಥ ಧಾರಾವಾಹಿಗಳಿಂದ. ಅದರಲ್ಲಿಯೂ ನಾನು ಗಮನಿಸಿದ್ದು ಹೆಂಗಸರ ಉಡುಗೆ. ಒಲೆಯ ಮುಂದೆ ಕೂತವಳು ಜರತಾರಿ ಸೀರೆ ಉಟ್ಟು ಕೂತಿರಲಿಲ್ಲ. ಇಂದಿನ ಧಾರಾವಾಹಿಗಳಲ್ಲಿ ನಿದ್ದೆಯಿಂದ ಎದ್ದವಳೂ ಮದುವೆಗೆ ಹೊರಟಂತೆ ಇರುವುದನ್ನು ನೋಡುವಾಗ ಆ ಮಿತಿ ಎಷ್ಟು ದೊಡ್ಡದಾಗಿತ್ತು ಎಂದು ತಿಳಿಯುತ್ತದೆ. 2010ರ ಸೆಪ್ಟೆಂಬರ್ 27ರಂದು ವೈಶಾಲಿಯವರು ತೀರಿಕೊಂಡರು. ವಯಸ್ಸು 58. ನಟಿ, ನಿರ್ದೇಶಕಿ, ವಸ್ತ್ರವಿನ್ಯಾಸಕಿ, ಮೂರೂ ಕೆಲಸಗಳನ್ನು ಒಂದೇ ಬಾಳಿನಲ್ಲಿ ಮಾಡಿ ಹೋದರು.

ಅವರು ತೆರೆದ ಬಾಗಿಲಿನಿಂದ ಮತ್ತೊಬ್ಬರೂ ಒಳಗೆ ಬಂದರು. ಬಾನು ಮುಷ್ತಾಕರ ಕಥೆಯನ್ನು ಆಧರಿಸಿದ ‘ಹಸೀನಾ’ (2004) ಚಿತ್ರದ ಉಡುಪಿಗಾಗಿ ಇಶ್ರತ್ ನಿಸಾರ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಅದೇ ಬಾನು ಮುಷ್ತಾಕರಿಗೆ 2025ರಲ್ಲಿ ಅಂತರರಾಷ್ಟ್ರೀಯ ಬೂಕರ್ ಬಂದಾಗ ನಾವೆಲ್ಲ ಸಂತೋಷಪಟ್ಟೆವು. ಬಡ ಮುಸ್ಲಿಮ್ ಮನೆಯ ಹೆಂಗಸೊಬ್ಬಳ ಹಳೆಯ ಸೀರೆಯೂ ದೇಶದ ಮುಂದೆ ನಿಂತು ಮಾತಾಡಬಲ್ಲದು ಎಂಬುದು ಅದಕ್ಕೆ ಇಪ್ಪತ್ತು ವರ್ಷ ಮೊದಲೇ ಸಿದ್ಧವಾಗಿತ್ತು.

ಈಗ ಕಾಪಾಡುವ ಮಾತು. 2019ರ ಆಗಸ್ಟಿನಲ್ಲಿ ಘಟಪ್ರಭೆ ಉಕ್ಕಿ ಗೋಕಾಕದ ಹಳೆಯ ಓಣಿಗಳೊಳಗೆ ನುಗ್ಗಿದ್ದು ನಿಮಗೆ ನೆನಪಿರಬೇಕು. ಲೋಳಸೂರ ಸೇತುವೆ ಮುಳುಗಿತ್ತು. ಮೂಡಲಗಿಯ ಕಡೆಯ ನದಿದಂಡೆಯ ಹಳ್ಳಿಗಳೂ ನೀರಿನಲ್ಲಿದ್ದವು. ನೀರು ಇಳಿದ ಮೇಲೆ ಜನ ಕೆಸರು ಬಳಿದು ಹಾಕಿ, ಟ್ರಂಕುಗಳನ್ನು ಬೀದಿಗೆ ತಂದು ತೆರೆದರು. ಅಂದು ನಾನು ಕಂಡದ್ದನ್ನು ಯಾವ ವಸ್ತುಸಂಗ್ರಹಾಲಯದಲ್ಲೂ ಕಾಣಲಾರೆ. ಓಣಿಯ ಉದ್ದಕ್ಕೂ ಹಗ್ಗ ಕಟ್ಟಿ ಸೀರೆಗಳನ್ನು ಹರವಿದ್ದರು. ಐವತ್ತು ಅರವತ್ತು ವರ್ಷದ ಇಲಕಲ್ ಸೀರೆಗಳು, ಧಾರೆಯ ಸೀರೆಗಳು, ಕುಬಸದ ಹಸಿರು ಸೀರೆಗಳು. ಒಂದರ ಬಣ್ಣ ಇನ್ನೊಂದಕ್ಕೆ ಹತ್ತಿ ಎಲ್ಲವೂ ಒಂದೇ ತರಹದ ಕಂದಾಗಿದ್ದವು. ಮುದುಕಿಯೊಬ್ಬಳು ಒಂದು ಸೀರೆಯ ಸೆರಗು ಹಿಡಿದು ಯಾವುದಿದು, ಯಾವುದಿದು ಎಂದು ತಿರುಗಿಸಿ ತಿರುಗಿಸಿ ನೋಡುತ್ತಿದ್ದಳು. ಪರಿಹಾರದ ಪಟ್ಟಿಯಲ್ಲಿ ಗೋಡೆ ಇತ್ತು, ದನ ಇತ್ತು, ಕಾಳುಕಡಿ ಇತ್ತು. ಆ ಸೀರೆಯನ್ನು ಬರೆಯುವುದು ಯಾವ ಖಾನೆಯಲ್ಲಿ?

ನೀರು ಒಯ್ದದ್ದು ಸ್ವಲ್ಪ, ನಾವೇ ಕೊಟ್ಟದ್ದು ಬಹಳ. ಹಳೆಯ ಸೀರೆ ಹಾಕಿ ಸ್ಟೀಲಿನ ಡಬ್ಬಿ ತೆಗೆದುಕೊಳ್ಳುವುದು ನಮ್ಮೆಲ್ಲರ ಮನೆಯ ರೂಢಿ. ಜರಿ ಇದ್ದರೆ ಸುಟ್ಟು ಬೆಳ್ಳಿ ತೆಗೆಯುವವರಿಗೆ. ಮೆತ್ತಗಾದದ್ದು ಕೌದಿಗೆ. ಕೌದಿಯಾದರೂ ವಾಸಿ, ಅದರಲ್ಲಿ ಅಜ್ಜಿಯ ದಡಿ, ಅತ್ತೆಯ ಖಣ, ಮಗಳ ಲಂಗ ಒಂದರ ಪಕ್ಕ ಒಂದು ಕೂತಿರುತ್ತವೆ. ಮಲಗಿದವರು ತಮ್ಮ ವಂಶಾವಳಿಯನ್ನೇ ಹೊದ್ದು ಮಲಗುತ್ತಾರೆ. ಎಲ್ಲವನ್ನೂ ಇಟ್ಟುಕೊಂಡು ಕೂಡಲು ನಮ್ಮ ಎರಡು ಕೋಣೆಯ ಮನೆಗಳಲ್ಲಿ ಜಾಗವಿಲ್ಲ, ನಿಜ. ಆದರೆ ಸಿನೆಮಾದವರು, ನಾಟಕದವರು, ಇತಿಹಾಸ ಬರೆಯುವವರು ನಾಳೆ ಬಂದು 1960ರಲ್ಲಿ ಮೂಡಲಗಿಯ ಸಂತೆಗೆ ಹೋಗುವ ಹೆಂಗಸು ಏನು ಉಟ್ಟಿದ್ದಳು ಎಂದು ಕೇಳಿದರೆ, ಕಾಗದದಲ್ಲಿ ಎಲ್ಲೂ ಉತ್ತರವಿರುವುದಿಲ್ಲ. ಉತ್ತರ ಇರುವುದು ನಮ್ಮ ಟ್ರಂಕಿನಲ್ಲಿ ಮತ್ತು ನಮ್ಮ ಹಿರಿಯರ ಬಾಯಿಯಲ್ಲಿ. ಎರಡೂ ಬಹಳ ದಿನ ಇರುವಂಥವಲ್ಲ.

ವೈಶಾಲಿ ಕಾಸರವಳ್ಳಿಯವರು ದೆಹಲಿಯವರೆಗೆ ಒಯ್ದದ್ದು ಇದೇ ಜ್ಞಾನವನ್ನು. ಅದು ಅವರು ಯಾವುದೋ ಪರದೇಶದಿಂದ ತಂದದ್ದಲ್ಲ, ನಮ್ಮ ಅತ್ತೆಯಂದಿರ ತಲೆಯಲ್ಲಿದ್ದದ್ದು. ಅವರು ಮಾಡಿದ ದೊಡ್ಡ ಕೆಲಸವೆಂದರೆ ಅದನ್ನು ಜ್ಞಾನವೆಂದು ಗುರುತಿಸಿ, ವಹಿಯಲ್ಲಿ ಬರೆದು, ಶಿಸ್ತಿನಿಂದ ಬಳಸಿ, ಅದಕ್ಕೊಂದು ಹೆಸರು ತಂದದ್ದು.

ನಮ್ಮತ್ತೆಯವರು ಹೋಗುವ ಮೊದಲ ವರ್ಷದ ದಸರೆಯ ರಜೆಯಲ್ಲಿ ನನ್ನ ಮಗಳು ಅವರ ಪಕ್ಕದಲ್ಲಿ ಕೂತು ಒಂದೊಂದೇ ಸೀರೆ ಬಿಚ್ಚಿ, ಅವರು ಹೇಳಿದ್ದನ್ನು ಚೀಟಿಯಲ್ಲಿ ಬರೆದು, ಸಣ್ಣ ಪಿನ್ನಿನಿಂದ ಒಳದಡಿಗೆ ಸಿಕ್ಕಿಸಿದಳು. ಒಟ್ಟು ಹದಿನೇಳು ಚೀಟಿ. ಒಂದರಲ್ಲಿ ಹೀಗಿದೆ: “ಗೋಮಿ ದಡಿ. ಎಂಟು ಗಜ. ಅಪ್ಪ ಕೊಡಿಸಿದ್ದು. ಹಿಡಕಲ್ ಡ್ಯಾಮಿನ ನೀರು ಬಂದ ವರ್ಷ. ಎರಡೇ ಸಲ ಉಟ್ಟಿದ್ದು.” ಎರಡೇ ಸಲ ಏಕೆ ಎಂದು ಮಗಳು ಕೇಳಿದಳಂತೆ. ಅದನ್ನು ಅವರು ಹೇಳಲಿಲ್ಲ. ಸೀರೆಯನ್ನು ಮಾತ್ರ ಮಡಿಕೆ ಕೆಡದ ಹಾಗೆ ಮಡಚಿ, ಎಲ್ಲಕ್ಕಿಂತ ಕೆಳಗೆ ಇಡಲು ಹೇಳಿದರು.